ತಾಪ, ಉಷ್ಣತೆ, ಶಾಖ: ಒಂದು ಪಾರಿಭಾಷಿಕ ವಿಮರ್ಶೆ

ಕೆಲವು ವರ್ಷಗಳ ಹಿಂದಿನ ಸಂಗತಿ. ಆಗ ನಾನಿನ್ನೂ ಮುಖ್ಯೋಪಾಧ್ಯಾಯನಾಗಿರಲಿಲ್ಲ. ಕಾಸರಗೋಡು ಸೀಮೆಯ ಒಂದು ಪ್ರೌಢಶಾಲೆಯ ಕನ್ನಡ ವಿಭಾಗದಲ್ಲಿ ಭೌತಶಾಸ್ತ್ರ ಕಲಿಸುತ್ತಿದ್ದೆ. ಅರ್ಧವಾರ್ಷಿಕ ಪರೀಕ್ಷೆಯ ಉತ್ತರಪತ್ರಿಕೆಗಳನ್ನು ತಿದ್ದುತ್ತ ಅಧ್ಯಾಪಕರ ಕೋಣೆಯಲ್ಲಿ ಕುಳಿತಿದ್ದೆ. ಒಂದು ಚೆಂಬು ನೀರೂ ಒಂದು ಹಂಡೆ ನೀರೂ ಕುದಿಯುತ್ತಿವೆ. ಇವುಗಳಲ್ಲಿ ಸಮಾನವಾದದ್ದು ಯಾವುದು, ಭಿನ್ನವಾದದ್ದು ಯಾವುದು ಎಂಬುದು ಪ್ರಶ್ನೆ. ಒಬ್ಬ ಹುಡುಗ, ಎರಡರ ಬಿಸಿಯ ಮಟ್ಟ ಒಂದೇ, ಆದರೆ ಹಂಡೆಯ ನೀರಿನ ತಾಪ ಹೆಚ್ಚು ಎಂದು ಬರೆದಿದ್ದ. ತಾಪವೆಂಬ ಶಬ್ದವನ್ನು ಕಂಡೊಡನೆ ನನ್ನ ಕೆಂಪು ಶಾಯಿ ಅದರ ಮೇಲೆ ಹರಿಯಿತು. ನನ್ನ ಮೇಜಿನ ಮೇಲಿದ್ದ ಬೆಂಗಳೂರಿನ ಪುಸ್ತಕದಲ್ಲಿ ತಾಪವೆಂದರೆ ಥರ್ಮಾಮೀಟರಿನಲ್ಲಿ ಓದುವ ಡಿಗ್ರಿ. ಕುದಿಯುವ ನೀರಿಗೆ ಚೆಂಬಿನಲ್ಲೇನು, ಹಂಡೆಯಲ್ಲೇನು, ಡಿಗ್ರಿ ಒಂದೇ ಅಲ್ಲವೆ?

ಪಕ್ಕದಲ್ಲಿ ಕುಳಿತಿದ್ದ ಮಲಯಾಳ ವಿಭಾಗದ ಸಹೋದ್ಯೋಗಿಗಳು ಕನ್ನಡವನ್ನು ಚೆನ್ನಾಗಿ ಓದಬಲ್ಲವರು. ಅವರು ಇಣುಕಿ ನೋಡಿ, ಇದು ಸರಿಯಾದ ಉತ್ತರವಲ್ಲವೇ ಎಂದು ಕೇಳಿದರು. ಅವರ ಪುಸ್ತಕದಲ್ಲಿ ತಾಪವೆಂದರೆ ಹೀಟ್. ಹುಡುಗ ನೆರೆಮನೆಯ ಅಣ್ಣನಿಂದ ಪಾಠ ಹೇಳಿಸಿಕೊಳ್ಳುತ್ತಿದ್ದ. ಆ ಅಣ್ಣ ಓದಿದ್ದು ಮಲಯಾಳದಲ್ಲಿ. ಹುಡುಗನಿಗೆ ವಿಷಯ ತಿಳಿದಿತ್ತು. ತಿಳಿಯದೆ ಇದ್ದದ್ದು ಅವನ ಅಧ್ಯಾಪಕನಿಗೆ. ಅಂಕವನ್ನೇನೋ ಹಿಂದಿರುಗಿಸಿದೆ. ಆದರೆ ಅದಕ್ಕಿಂತ ಮುಂಚಿನ ವರ್ಷಗಳಲ್ಲಿ ಇಂಥ ಎಷ್ಟು ಉತ್ತರಗಳ ಮೇಲೆ ಗೆರೆ ಎಳೆದಿದ್ದೆನೋ, ಅವುಗಳನ್ನು ಹಿಂದಕ್ಕೆ ತರುವ ಉಪಾಯವಿಲ್ಲ. ಈ ಲೇಖನಕ್ಕೆ ಪ್ರೇರಣೆ ಅದೇ. ಸ್ಮರಣಸಂಚಿಕೆಯನ್ನು ಓದುವ ಅಧ್ಯಾಪಕ ಬಂಧುಗಳಲ್ಲಿ ಅಕ್ಕಲಕೋಟೆಯವರೂ ಆದವಾನಿಯವರೂ ತಾಳವಾಡಿಯವರೂ ಇರುವುದರಿಂದ, ಇದು ನನ್ನೊಬ್ಬನ ತೊಡಕಲ್ಲವೆಂದು ಭಾವಿಸಿದ್ದೇನೆ.

ಮೊದಲು ವಸ್ತುಸ್ಥಿತಿ, ಆಮೇಲೆ ಶಬ್ದ. ಹೀಟ್ ಮತ್ತು ಟೆಂಪರೇಚರ್ ಎಂಬ ಎರಡು ಕಲ್ಪನೆಗಳು ಬೇರೆಯೆಂಬುದನ್ನು ಯುರೋಪಿನ ವಿದ್ವಾಂಸರೂ ಸುಲಭವಾಗಿ ಕಂಡುಕೊಂಡವರಲ್ಲ. ೧೭೨೪ರಲ್ಲಿ ಫ್ಯಾರನ್‌ಹೀಟನ ಮಾನವೂ ೧೭೪೨ರಲ್ಲಿ ಸೆಲ್ಸಿಯಸನ ಮಾನವೂ ಬಂದಿದ್ದವು. ಡಿಗ್ರಿಗಳನ್ನು ಎಣಿಸುವುದು ರೂಢಿಯಾಗಿತ್ತು. ಎಣಿಸುತ್ತಿರುವುದು ಏನನ್ನು ಎಂಬ ಪ್ರಶ್ನೆ ಮಾತ್ರ ಹಾಗೆಯೇ ಉಳಿದಿತ್ತು. ಅದನ್ನು ಬಿಡಿಸಿದವನು ಗ್ಲಾಸ್ಗೋದ ಜೋಸೆಫ್ ಬ್ಲ್ಯಾಕ್. ೧೭೬೦ರ ಆಸುಪಾಸಿನಲ್ಲಿ ಅವನು ಮಾಡಿದ ಪ್ರಯೋಗ ನಮ್ಮ ಶಾಲೆಗಳಲ್ಲಿಯೂ ಮಾಡತಕ್ಕಷ್ಟು ಸರಳವಾದದ್ದು. ಒಂದೇ ಬಗೆಯ ಎರಡು ಗಾಜಿನ ಪಾತ್ರೆಗಳು. ಒಂದರಲ್ಲಿ ಮಂಜುಗಡ್ಡೆ, ಇನ್ನೊಂದರಲ್ಲಿ ಅಷ್ಟೇ ತೂಕದ, ಮಂಜಿನಷ್ಟೇ ತಣ್ಣಗಿರುವ ನೀರು. ಎರಡನ್ನೂ ಒಂದೇ ಕೋಣೆಯಲ್ಲಿ ತೂಗುಹಾಕಿದ. ನೀರು ಅರ್ಧ ಗಂಟೆಯಲ್ಲಿ ಏಳು ಫ್ಯಾರನ್‌ಹೀಟ್ ಡಿಗ್ರಿ ಏರಿತು. ಮಂಜುಗಡ್ಡೆ ಕರಗಿ ಅದೇ ಮಟ್ಟಕ್ಕೆ ಬರಲು ಹತ್ತೂವರೆ ಗಂಟೆ ಬೇಕಾಯಿತು. ಕೋಣೆಯ ಗಾಳಿ ಎರಡಕ್ಕೂ ಒಂದೇ ಸಮನೆ ಕೊಡುತ್ತಲೇ ಇತ್ತು. ಆದರೆ ಮಂಜುಗಡ್ಡೆಗೆ ಕೊಟ್ಟದ್ದು ಥರ್ಮಾಮೀಟರಿಗೆ ಕಾಣಲಿಲ್ಲ. ಹತ್ತೂವರೆ ಗಂಟೆಯೆಂದರೆ ಇಪ್ಪತ್ತೊಂದು ಅರ್ಧಗಂಟೆಗಳು. ಏಳರಿಂದ ಗುಣಿಸಿದರೆ ೧೪೭. ಇದರಲ್ಲಿ ಕರಗಿದ ನೀರು ಬಿಸಿಯಾಗಲು ತಗಲಿದ ಏಳೆಂಟನ್ನು ಕಳೆದರೆ ಸುಮಾರು ೧೪೦. ಸೆಲ್ಸಿಯಸ್ ಲೆಕ್ಕಕ್ಕೆ ತಂದರೆ ಗ್ರಾಮಿಗೆ ೭೮ ಕ್ಯಾಲರಿ. ಇಂದಿನ ಬೆಲೆ ೮೦. ಎರಡು ಗಾಜಿನ ಪಾತ್ರೆ, ಒಂದು ಗಡಿಯಾರಗಳಿಂದ ಸಿಕ್ಕಿದ ಫಲವಿದು ಎಂಬುದನ್ನು ನೆನೆದರೆ, ಪ್ರಯೋಗಶಾಲೆಯಲ್ಲಿ ಉಪಕರಣಗಳಿಲ್ಲವೆಂದು ನಾವು ಹೇಳಿಕೊಳ್ಳುವ ಸಬೂಬು ಸ್ವಲ್ಪ ನಾಚಿಕೆಯನ್ನು ತರುತ್ತದೆ.

ಹೀಗೆ ಕೊಟ್ಟದ್ದು ಒಂದು, ಏರಿದ್ದು ಇನ್ನೊಂದು. ನಮ್ಮ ಬಚ್ಚಲುಮನೆಯ ಲೆಕ್ಕವನ್ನೇ ನೋಡಬಹುದು. ೫೦ ಲೀಟರ್ ಹಿಡಿಯುವ ಹಂಡೆಯ ನೀರನ್ನು ೨೫ರಿಂದ ೪೫ ಡಿಗ್ರಿಗೆ ಕಾಯಿಸಲು ೧೦೦೦ ಕಿಲೋಕ್ಯಾಲರಿ ಬೇಕು. ೨೦೦ ಮಿಲಿಲೀಟರಿನ ಒಂದು ಲೋಟ ನೀರನ್ನು ೨೫ರಿಂದ ೮೫ಕ್ಕೆ ಏರಿಸಲು ೧೨ ಕಿಲೋಕ್ಯಾಲರಿ ಸಾಕು. ನಾಲಗೆ ಸುಡುವುದು ಲೋಟದ ನೀರು, ಸೌದೆ ತಿನ್ನುವುದು ಹಂಡೆ. ಕಡುಬಿನ ಪಾತ್ರೆಯ ಮುಚ್ಚಳ ತೆಗೆಯುವಾಗ ಕೈಗೆ ಹಬೆ ಬಡಿದವರಿಗೆ ಇನ್ನೊಂದು ಸಂಗತಿ ಗೊತ್ತಿರುತ್ತದೆ. ಹಬೆಯೂ ಕುದಿನೀರೂ ೧೦೦ ಡಿಗ್ರಿಯವೇ. ಆದರೆ ಒಂದು ಗ್ರಾಂ ಕುದಿನೀರು ಮೈಯ ಮಟ್ಟಕ್ಕೆ ತಣಿಯುವಾಗ ಕೊಡುವುದು ೬೩ ಕ್ಯಾಲರಿ. ಒಂದು ಗ್ರಾಂ ಹಬೆ ನೀರಾಗುವಾಗಲೇ ೫೪೦ ಕೊಟ್ಟು, ಆ ಮೇಲೆ ಈ ೬೩ನ್ನೂ ಕೊಡುತ್ತದೆ. ದೀಪಾವಳಿಯ ನಕ್ಷತ್ರಕಡ್ಡಿಯ ಕಿಡಿಯಾದರೋ ಸಾವಿರ ಡಿಗ್ರಿಗೆ ಮೇಲ್ಪಟ್ಟದ್ದು. ಅಂಗೈಗೆ ಬಿದ್ದರೆ ಚುರುಕೆನಿಸಿ ಆರಿಹೋಗುತ್ತದೆ.

ವಿಷಯ ಇಷ್ಟು ತಿಳಿಯಾಗಿದೆ. ತೊಡಕಿರುವುದು ಇದಕ್ಕೆ ನಾವು ಇಟ್ಟ ಹೆಸರುಗಳಲ್ಲಿ. ಗಡಿಯ ಸುತ್ತ ಒಮ್ಮೆ ನಡೆದು ಬಂದರೆ ಇದರ ಸ್ವರೂಪ ತಿಳಿಯುತ್ತದೆ. ಮಲಯಾಳದಲ್ಲಿ ತಾಪಂ ಎಂದರೆ ಹೀಟ್. ಟೆಂಪರೇಚರಿಗೆ ತಾಪನಿಲ ಎಂದೂ ಊಷ್ಮಾವ್ ಎಂದೂ ಹೇಳುತ್ತಾರೆ. ಹಿಂದಿಯಲ್ಲಿ ಊಷ್ಮಾ ಎಂದರೆ ಹೀಟ್, ತಾಪ ಎಂದರೆ ಟೆಂಪರೇಚರ್. ವಾಚಕರು ಇಲ್ಲಿ ಕ್ಷಣಕಾಲ ನಿಲ್ಲಬೇಕು. ಅವೇ ಎರಡು ಸಂಸ್ಕೃತ ಶಬ್ದಗಳು. ಒಂದು ಭಾಷೆ ಬಲಗೈಗೆ ಕೊಟ್ಟದ್ದನ್ನು ಇನ್ನೊಂದು ಎಡಗೈಗೆ ಕೊಟ್ಟಿದೆ. ಮರಾಠಿಗೆ ಹೋದರೆ ಉಷ್ಣತಾ ಎಂದರೆ ಹೀಟ್, ತಾಪಮಾನ ಎಂದರೆ ಟೆಂಪರೇಚರ್, ಬರಿಯ ತಾಪವೆಂದರೆ ಜ್ವರ. ಕನ್ನಡದ ಹಲವು ಗ್ರಂಥಗಳಲ್ಲಿ ಅದೇ ಉಷ್ಣತೆ ಟೆಂಪರೇಚರ್ ಆಗಿದೆ; ಹೀಟಿಗೆ ಉಷ್ಣ ಅಥವಾ ಶಾಖ. ತೆಲುಗಿನಲ್ಲಿ ಉಷ್ಣಂ, ಉಷ್ಣೋಗ್ರತ. ತಮಿಳಿನಲ್ಲಿ ಸಂಸ್ಕೃತದ ಗೊಡವೆಯೇ ಇಲ್ಲ, ವೆಪ್ಪಂ, ವೆಪ್ಪನಿಲೈ.

ಭಾರತದ ಎಲ್ಲ ಭಾಷೆಗಳಿಗೂ ಸಂಸ್ಕೃತಮೂಲವಾದ ಸಮಾನ ಪರಿಭಾಷೆಯಿದ್ದರೆ ವಿದ್ಯಾರ್ಥಿಗಳಿಗೆ ಅನುಕೂಲವಾದೀತೆಂಬ ಆಸೆ ಹಿರಿಯರಲ್ಲಿ ಬಹುಕಾಲದಿಂದ ಇತ್ತು. ೧೯೬೧ರಲ್ಲಿ ಕೇಂದ್ರ ಸರ್ಕಾರ ವೈಜ್ಞಾನಿಕ ಮತ್ತು ತಾಂತ್ರಿಕ ಪರಿಭಾಷಾ ಆಯೋಗವನ್ನು ಏರ್ಪಡಿಸಿದಾಗ ಆ ಆಸೆಗೆ ಒಂದು ನೆಲೆ ಸಿಕ್ಕಿತು. ಆಸೆ ಕೆಟ್ಟದ್ದಲ್ಲ. ಆದರೆ ಶಬ್ದ ಒಂದೇ ಆಗಿ ಅರ್ಥ ಬೇರೆಯಾದರೆ, ಪೂರಾ ಅಪರಿಚಿತವಾದ ಶಬ್ದಕ್ಕಿಂತ ಅದು ಹೆಚ್ಚು ಅಪಾಯಕಾರಿ. ತಮಿಳಿನ ವೆಪ್ಪಂ ಎಂಬುದನ್ನು ಕಂಡ ಕನ್ನಡ ಹುಡುಗ ಅರ್ಥವೇನೆಂದು ಕೇಳುತ್ತಾನೆ. ಮಲಯಾಳದ ತಾಪವನ್ನು ಕಂಡವನು ಕೇಳುವುದಿಲ್ಲ. ತನಗೆ ಗೊತ್ತಿದೆಯೆಂದುಕೊಂಡು ಮುಂದೆ ಹೋಗುತ್ತಾನೆ. ರಾಜಧಾನಿಯಲ್ಲಿ ಕುಳಿತು ಪುಸ್ತಕ ಬರೆಯುವ ವಿದ್ವಾಂಸರಿಗೆ ಈ ಕಷ್ಟ ಕಾಣುವುದಿಲ್ಲವೆಂದರೆ ಆಕ್ಷೇಪಣೆಯಲ್ಲ. ಅವರ ವಿದ್ಯಾರ್ಥಿಯ ಕಿವಿಗೆ ಒಂದೇ ಭಾಷೆಯ ಪರಿಭಾಷೆ ಬೀಳುತ್ತದೆ, ನಮ್ಮವನ ಕಿವಿಗೆ ಎರಡು ಮೂರು ಬೀಳುತ್ತವೆ.

ಈಗ ಕನ್ನಡದ ಶಬ್ದಗಳನ್ನು ಒಂದೊಂದಾಗಿ ಒರೆಗೆ ಹಚ್ಚಬಹುದು.

ಉಷ್ಣತೆ ಎಂಬುದರ ಪರವಾಗಿ ವ್ಯಾಕರಣದ ಬಲವಿದೆ. ಸಾಂದ್ರತೆ, ಆರ್ದ್ರತೆ, ತೀವ್ರತೆ ಎಂಬಂತೆ ಇದೂ ಒಂದು ಗುಣವಾಚಕ ಭಾವನಾಮ; ಬಿಸಿಯಾಗಿರುವಿಕೆಯ ಮಟ್ಟವನ್ನು ಹೇಳಬಲ್ಲದು. ಆದರೆ ಮರಾಠಿಯವರೂ ಅದೇ ವ್ಯಾಕರಣದಿಂದಲೇ ಅದನ್ನು ಹೀಟ್ ಎನ್ನುತ್ತಾರೆ. ಅವರದು ತಪ್ಪೆನ್ನಲು ನಮಗೆ ಆಧಾರವಿಲ್ಲ. ಅದಕ್ಕಿಂತ ದೊಡ್ಡ ದೋಷವೆಂದರೆ, ಉಷ್ಣ ಮತ್ತು ಉಷ್ಣತೆಗಳ ನಡುವೆ ಇರುವುದು ಒಂದೇ ಒಂದು ಪ್ರತ್ಯಯ. ಎರಡು ಜಮೀನುಗಳ ನಡುವೆ ನೂಲಿನೆಳೆಯ ಬೇಲಿ ಕಟ್ಟಿದಂತೆ. ಮಕ್ಕಳು ಬರೆಯುವ ಅವಸರದಲ್ಲಿ ತೆ ಬಿಟ್ಟುಹೋಗುತ್ತದೆ. ಅಧ್ಯಾಪಕರು ಹೇಳುವ ಅವಸರದಲ್ಲಿಯೂ ಬಿಟ್ಟುಹೋಗುತ್ತದೆ. ಉಷ್ಣವೆಂಬುದಕ್ಕೆ ಮನೆಯಲ್ಲಿ ಇನ್ನೊಂದು ಅರ್ಥವೂ ಇದೆಯಷ್ಟೆ. ಮಾವಿನಹಣ್ಣು ಉಷ್ಣ, ಎಳನೀರು ತಂಪು. ಮಂಜಿನ ಪೆಟ್ಟಿಗೆಯಿಂದ ತೆಗೆದ ಮಾವಿನಹಣ್ಣೂ ಉಷ್ಣವೇ! ಅದು ವೈದ್ಯಶಾಸ್ತ್ರದ ಪರಿಭಾಷೆ, ಅದಕ್ಕೆ ಅದರದೇ ಗೌರವವಿದೆ. ಭೌತಶಾಸ್ತ್ರದ ತರಗತಿಯಲ್ಲಿ ಅಜ್ಜಿಯನ್ನು ಹಾಸ್ಯ ಮಾಡಬೇಕಾಗಿಲ್ಲ. ಈ ಉಷ್ಣ ಬೇರೆ, ಆ ಉಷ್ಣ ಬೇರೆ ಎಂದು ಒಮ್ಮೆ ಹೇಳಿದರೆ ಸಾಕು.

ಪತ್ರಿಕೆಗಳಿಗೆ ಪ್ರಿಯವಾದದ್ದು ಉಷ್ಣಾಂಶ. ಇದನ್ನು ಮೊದಲು ಬಳಸಿದವರ ಮನಸ್ಸಿನಲ್ಲಿ ಅಂಶವೆಂದರೆ ಡಿಗ್ರಿ ಎಂದಿದ್ದಿರಬೇಕು. ಜ್ಯೋತಿಷದಲ್ಲಿ ರಾಶಿಯ ಮೂವತ್ತು ಅಂಶಗಳೆಂಬಲ್ಲಿ ಆ ಅರ್ಥವೇ. ಮರಾಠಿಯವರು ಇಂದಿಗೂ ಅಂಶ ಸೆಲ್ಸಿಯಸ್ ಎಂದೇ ಬರೆಯುತ್ತಾರೆ. ಆದರೆ ಕನ್ನಡದ ಕಿವಿಗೆ ಈಗ ಅಂಶದ ಅರ್ಥ ಬೇರೆ. ತೇವಾಂಶವೆಂದರೆ ಅಡಿಕೆಯಲ್ಲಿ ಎಷ್ಟು ನೀರಿದೆ ಎಂಬುದು. ಸಕ್ಕರೆ ಅಂಶವೆಂದರೆ ಎಷ್ಟು ಸಕ್ಕರೆಯಿದೆ ಎಂಬುದು. ಆ ಸಾಲಿನಲ್ಲಿ ನಿಲ್ಲಿಸಿದರೆ ಉಷ್ಣಾಂಶ ಎಂದರೆ ಎಷ್ಟು ಉಷ್ಣವಿದೆ ಎಂದಾಗುತ್ತದೆ. ನಾವು ತಪ್ಪಿಸಬೇಕೆಂದಿರುವ ಅರ್ಥ ಅದೇ! ಹವಾಮಾನ ವರದಿಯಲ್ಲಿ ಅದು ಇದ್ದುಕೊಳ್ಳಲಿ, ತರಗತಿಗೆ ಬೇಡ.

ತಾಪ ಕಿವಿಗೆ ಇಂಪಾದ, ಚಿಕ್ಕದಾದ ಶಬ್ದ, ಸಮಾಸಕ್ಕೂ ಒದಗುತ್ತದೆ. ಆದರೆ ಕನ್ನಡದಲ್ಲಿ ತಾಪವು ಅನುಭವಿಸುವ ವಸ್ತುವೇ ಹೊರತು ಅಳೆಯುವ ವಸ್ತುವಲ್ಲ. ಸಂತಾಪ, ಪರಿತಾಪ, ಪಶ್ಚಾತ್ತಾಪ ಎಂದು ಅದರ ಬಳಗವೆಲ್ಲ ಮನಸ್ಸಿಗೆ ಸೇರಿದ್ದು. ಆಧ್ಯಾತ್ಮಿಕ, ಆಧಿಭೌತಿಕ, ಆಧಿದೈವಿಕ ಎಂಬ ಮೂರು ತಾಪಗಳಿಂದ ಹುಟ್ಟಿದ ತಾಪತ್ರಯ, ಕೊನೆಗೆ ತಿಂಗಳ ಕೊನೆಯ ಅಧ್ಯಾಪಕರ ಕಿಸೆಗೆ ಬಂದು ನಿಂತಿದೆ. ಇರಲಿ. ಒಳನಾಡಿನವರು ಬೇಕಾದರೆ ತಾಪವನ್ನು ಟೆಂಪರೇಚರ್ ಎಂದು ಇಟ್ಟುಕೊಳ್ಳಬಹುದು. ಕೇರಳದ ಗಡಿಯಲ್ಲಿ, ಮಲಯಾಳ ತರಗತಿಯ ಗೋಡೆಗೆ ಒರಗಿ ಕುಳಿತ ನಮಗೆ ಅದು ಸಲ್ಲುವುದಿಲ್ಲ.

ತಾಪಮಾನದ ಮೇಲೆಯೂ ಆಕ್ಷೇಪವುಂಟು. ಮಾನವೆಂದರೆ ಅಳತೆ, ತಾಪವನ್ನು ಹೀಟ್ ಎಂದು ಇಟ್ಟುಕೊಂಡರೆ, ಹೀಟಿನ ಅಳತೆ ಟೆಂಪರೇಚರ್ ಎಂಬ ತಪ್ಪು ಲಕ್ಷಣವನ್ನು ಶಬ್ದವೇ ಕಲಿಸಿದಂತಾಗುತ್ತದೆ ಎಂದು ಕೆಲವರು ವಾದಿಸುತ್ತಾರೆ. ವಾದ ನಿಜವೇ. ಹಾಗಿದ್ದರೂ ನನ್ನ ಮತ ತಾಪಮಾನಕ್ಕೇ. ಮರಾಠಿಯಲ್ಲಿ, ಹಿಂದಿಯಲ್ಲಿ, ಕನ್ನಡದಲ್ಲಿ, ಎಲ್ಲಿ ಇದನ್ನು ಬಳಸಿದರೂ ಟೆಂಪರೇಚರ್ ಎಂಬ ಅರ್ಥವೇ. ಯಾವ ನೆರೆಯವನೂ ಇದನ್ನು ಹೀಟ್ ಎಂದು ಓದುವುದಿಲ್ಲ. ಪಾರಿಭಾಷಿಕ ಶಬ್ದಕ್ಕೆ ವ್ಯುತ್ಪತ್ತಿಯ ಶುದ್ಧಿಗಿಂತ ಅರ್ಥದ ಏಕತೆ ಹೆಚ್ಚಿನದು. ಹೀಟಿಗೆ ಉಷ್ಣ, ಶಾಖ ಎಂದು ಎರಡು ಹೆಸರಿವೆಯಲ್ಲಾ ಎಂದು ಕೇಳಬಹುದು. ಒಂದು ವಸ್ತುವಿಗೆ ಎರಡು ಹೆಸರಿದ್ದರೆ ಬಾಧಕವಿಲ್ಲ. ಎರಡು ವಸ್ತುಗಳಿಗೆ ಒಂದೇ ಹೆಸರಾದಾಗ ಮಾತ್ರ ಬಾಧಕ. ಗುಪ್ತೋಷ್ಣ, ವಿಶಿಷ್ಟೋಷ್ಣ ಎಂಬ ಸಮಾಸಗಳಿಗೆ ಉಷ್ಣ ಬೇಕು. ಮಾತಿನಲ್ಲಿ ವಿವರಿಸಲು ಶಾಖ ಬೇಕು.

ಶಾಖದ ಬಗ್ಗೆ ಒಂದೆರಡು ಮಾತು ಹೆಚ್ಚಾಗಿಯೇ ಹೇಳಬೇಕೆಂದಿದೆ. ಉಳುಕಿದ ಕಾಲಿಗೆ ಶಾಖ ಕೊಡುತ್ತೇವೆ. ಒಲೆಯ ಶಾಖ ತಾಗುತ್ತದೆ. ಕನ್ನಡದಲ್ಲಿ ಶಾಖವೆಂಬುದು ಒಂದು ಕಡೆಯಿಂದ ಇನ್ನೊಂದು ಕಡೆಗೆ ಹೋಗುವ ವಸ್ತು. ಬಿಸಿ ಹಾಗಲ್ಲ, ಬಿಸಿ ಏರುತ್ತದೆ, ಇಳಿಯುತ್ತದೆ, ಆರುತ್ತದೆ. ಕೊಡು, ತೆಗೆದುಕೋ ಎಂಬ ಕ್ರಿಯಾಪದ ಹೊಂದಿದರೆ ಹೀಟ್. ಏರು, ಇಳಿ ಎಂಬ ಕ್ರಿಯಾಪದ ಹೊಂದಿದರೆ ಟೆಂಪರೇಚರ್. ಈ ಒಂದು ಪರೀಕ್ಷೆಯನ್ನು ಮಕ್ಕಳಿಗೆ ಕಲಿಸಿದರೆ ಅರ್ಧ ಪಾಠ ಮುಗಿದಂತೆ. ಇನ್ನೊಂದು ಪರೀಕ್ಷೆ ಏಕಮಾನದ್ದು. ಉತ್ತರದಲ್ಲಿ ಯಾವ ಶಬ್ದವನ್ನೇ ಬರೆದಿರಲಿ, ಮುಂದೆ ಜೂಲ್ ಅಥವಾ ಕ್ಯಾಲರಿ ಇದ್ದರೆ ಅವನು ಹೇಳುತ್ತಿರುವುದು ಶಾಖವನ್ನು; ಡಿಗ್ರಿ ಅಥವಾ ಕೆಲ್ವಿನ್ ಇದ್ದರೆ ತಾಪಮಾನವನ್ನು. ಉತ್ತರಪತ್ರಿಕೆ ತಿದ್ದುವವರು ಶಬ್ದಕ್ಕಿಂತ ಮೊದಲು ಏಕಮಾನವನ್ನು ನೋಡಬೇಕೆಂದು ನನ್ನ ವಿನಂತಿ. ಅದು ನನಗೆ ಆ ದಿನ ತೋಚದೆ ಹೋಯಿತು.

ಇಲ್ಲಿ ಇನ್ನೊಂದು ಸೂಕ್ಷ್ಮವಿದೆ. ಶಾಖವು ಬಿಸಿ ವಸ್ತುವಿನೊಳಗೆ ತುಂಬಿಕೊಂಡಿರುವ ಒಂದು ದ್ರವವೆಂದು ಹದಿನೆಂಟನೆಯ ಶತಮಾನದವರು ನಂಬಿದ್ದರು. ಲವಾಸಿಯೇ ೧೭೮೯ರ ತನ್ನ ಗ್ರಂಥದಲ್ಲಿ ಅದನ್ನು ಮೂಲವಸ್ತುಗಳ ಪಟ್ಟಿಯಲ್ಲಿಯೇ ಸೇರಿಸಿದ್ದ. ೧೭೯೮ರಲ್ಲಿ ರಂಫರ್ಡನು ಫಿರಂಗಿಯ ನಳಿಕೆ ಕೊರೆಯುವಾಗ ಶಾಖ ಮುಗಿಯದೆ ಹುಟ್ಟುತ್ತಲೇ ಇರುವುದನ್ನು ವರದಿಮಾಡಿದ. ೧೮೪೦ರ ದಶಕದಲ್ಲಿ ಜೂಲನ ಪ್ರಯೋಗಗಳು ಶಾಖವೂ ಶಕ್ತಿಯ ಒಂದು ರೂಪವೆಂದು ಸ್ಥಿರಪಡಿಸಿದವು. ಇಂದಿನ ಶಾಸ್ತ್ರದ ಪ್ರಕಾರ ವಸ್ತುವಿನ ಒಳಗಿರುವುದು ಆಂತರಿಕ ಶಕ್ತಿ. ತಾಪಮಾನದ ವ್ಯತ್ಯಾಸದಿಂದ ಒಂದರಿಂದ ಇನ್ನೊಂದಕ್ಕೆ ಹರಿಯುವಾಗ ಮಾತ್ರ ಅದಕ್ಕೆ ಶಾಖವೆಂದು ಹೆಸರು. ಹಾಗೆ ನೋಡಿದರೆ ಹಂಡೆಯ ನೀರಿನಲ್ಲಿರುವ ತಾಪ ಎಂದ ನನ್ನ ವಿದ್ಯಾರ್ಥಿಯ ಮಾತೂ ಪೂರಾ ನಿರ್ದುಷ್ಟವಲ್ಲ. ಆದರೆ ಎಂಟನೆಯ ತರಗತಿಯಲ್ಲಿ ಆ ಕೂದಲು ಸೀಳುವುದು ನ್ಯಾಯವಲ್ಲ. ನನಗೆ ಸಂತೋಷವೆನಿಸುವುದೆಂದರೆ, ಶಾಖ ಕೊಡು ಎಂಬ ನಮ್ಮ ಹಳೆಯ ಮಾತು ಈ ಹೊಸ ಲಕ್ಷಣಕ್ಕೆ ತಾನಾಗಿ ಹೊಂದಿಕೊಂಡಿರುವುದು.

ನಮ್ಮ ಮನೆಮಾತಿನ ಬೇರೆ ಶಬ್ದಗಳಲ್ಲಿಯೂ ಇಂಥ ವಿವೇಕವಿದೆ. ಕೋಳಿ ಕಾವು ಕೂರುತ್ತದೆ. ಮೊಟ್ಟೆಯನ್ನು ಇಪ್ಪತ್ತೊಂದು ದಿವಸ ಸುಮಾರು ಮೂವತ್ತೇಳೂವರೆ ಡಿಗ್ರಿಯಲ್ಲಿ ಇಡಬೇಕು. ಏರಲೂ ಬಾರದು, ಇಳಿಯಲೂ ಬಾರದು. ಹಾಗೆಂದು ಕೋಳಿ ಸುಮ್ಮನೆ ಕುಳಿತಿರುವುದಲ್ಲ. ಮೊಟ್ಟೆ ಸುತ್ತಲಿನ ಗಾಳಿಗೆ ಕಳೆದುಕೊಳ್ಳುವುದನ್ನು ಅದು ಕೊಡುತ್ತಲೇ ಇರಬೇಕು. ತಾಪಮಾನ ಸ್ಥಿರ, ಶಾಖ ಸಂಚಾರಿ. ಎರಡನ್ನೂ ಒಂದೇ ಬುಟ್ಟಿಯಲ್ಲಿ ತೋರಿಸುವ ಇಂಥ ಉದಾಹರಣೆಯನ್ನು ನಾನು ಪಠ್ಯಗಳಲ್ಲಿ ಕಾಣಲಿಲ್ಲ. ಇನ್ನು ಕರಾವಳಿಯ ಸೆಕೆ. ರಾಯಚೂರಿನ ನಲವತ್ತು ಡಿಗ್ರಿಯನ್ನು ಸಹಿಸಿದ ನೆಂಟರು ಕಾಸರಗೋಡಿನ ಮೂವತ್ತಮೂರಕ್ಕೆ ಸೋಲುತ್ತಾರೆ. ಗಾಳಿಯಲ್ಲಿ ತೇವ ಹೆಚ್ಚಿರುವುದರಿಂದ ಬೆವರು ಆರುವುದಿಲ್ಲ, ಬೆವರಿನ ಮೂಲಕ ಮೈಯ ಶಾಖ ಹೊರಗೆ ಹೋಗುವ ದಾರಿ ಮುಚ್ಚುತ್ತದೆ. ಸೆಕೆ ತಾಪಮಾನವೂ ಅಲ್ಲ, ಶಾಖವೂ ಅಲ್ಲ. ಶಾಖ ಹೊರಹೋಗಲಾರದ ಸಂಕಟ. ಇದಕ್ಕೆ ಧಗೆ ಎನ್ನದೆ ಸೆಕೆ ಎಂದೇ ಹೇಳುವವರಿಗೆ ಭೌತಶಾಸ್ತ್ರದ ಮೊದಲ ಪಾಠ ಆಗಲೇ ಆಗಿದೆ.

ಹೊಸ ಶಬ್ದವನ್ನು ಟಂಕಿಸಬಾರದೆ ಎಂಬ ಪ್ರಶ್ನೆ ಬಂದೇ ಬರುತ್ತದೆ. ನೆರೆಭಾಷೆಗಳ ಶಬ್ದಗಳನ್ನು ಹತ್ತಿರದಿಂದ ನೋಡಿದಾಗ ನನಗೂ ಆ ಚಪಲ ಹುಟ್ಟಿತ್ತು. ಮಲಯಾಳದ ತಾಪನಿಲ, ತಮಿಳಿನ ವೆಪ್ಪನಿಲೈ ಇವೆರಡರಲ್ಲಿಯೂ ಹೀಟ್ ಎಂಬ ಶಬ್ದದ ಮೇಲೆ ನೆಲೆ ಎಂಬುದನ್ನು ಇಟ್ಟಿದ್ದಾರೆ. ಶಾಖದ ನೆಲೆ ತಾಪಮಾನ. ತೆಲುಗಿನವರು ಉಷ್ಣಕ್ಕೆ ಉಗ್ರತೆಯನ್ನು ಸೇರಿಸಿದ್ದಾರೆ. ಎಷ್ಟು ಎಂಬುದಲ್ಲ, ಎಷ್ಟು ತೀವ್ರ ಎಂಬುದು ಅದರಲ್ಲಿಯೇ ಇದೆ. ನಿರ್ಮಾಣದ ದೃಷ್ಟಿಯಿಂದ ಇವು ಮೂರೂ ನಮ್ಮ ಉಷ್ಣತೆಗಿಂತಲೂ ತಾಪಮಾನಕ್ಕಿಂತಲೂ ಮೇಲು ಎಂದು ಒಪ್ಪಿಕೊಳ್ಳಲು ಸಂಕೋಚಪಡಬೇಕಾಗಿಲ್ಲ. ಬಿಸಿಮಟ್ಟ, ಶಾಖನೆಲೆ ಎಂದು ಕರಿಹಲಗೆಯ ಮೇಲೆ ಬರೆದು ನೋಡಿದ್ದೂ ಉಂಟು. ಆದರೆ ೧೯೧೮ರಲ್ಲಿ ಬೆಂಗಳೂರಿನಲ್ಲಿ ಬೆಳ್ಳಾವೆ ವೆಂಕಟನಾರಣಪ್ಪನವರು, ನಂಗಪುರಂ ವೆಂಕಟೇಶ ಅಯ್ಯಂಗಾರ್ಯರು ವಿಜ್ಞಾನ ಪತ್ರಿಕೆಯನ್ನು ಹೊರಡಿಸಿದ ಕಾಲದಲ್ಲಿ ಹೊಲ ಖಾಲಿಯಿತ್ತು, ಬಿತ್ತುವವರಿಗೆ ಸ್ವಾತಂತ್ರ್ಯವಿತ್ತು. ಇಂದು ಆರೇಳು ಶಬ್ದಗಳು ಬೆಳೆದು ನಿಂತಿರುವಲ್ಲಿ ಎಂಟನೆಯದನ್ನು ಬಿತ್ತುವುದು ಉಪಕಾರವಲ್ಲ. ತಾಪಮಾನವೆಂದು ಬರೆಸಿ, ಶಾಖದ ಮಟ್ಟ ಎಂದು ಬಿಡಿಸಿ ಹೇಳಿದರೆ ಮಲಯಾಳದವರ ಜಾಣತನವೂ ನಮ್ಮ ರೂಢಿಯೂ ಒಂದೇ ಪಾಠದಲ್ಲಿ ಕೂಡಿಬರುತ್ತವೆ. ಇಂಗ್ಲಿಷಿನ ಶಬ್ದಗಳನ್ನೇ ಬಳಸಿದರೆ ತೊಡಕಿಲ್ಲವೆನ್ನುವವರಿಗೆ ಒಂದು ಮಾತು: ಹೀಟ್ ಜಾಸ್ತಿ ಇದೆ ಎಂದು ಜ್ವರ ಬಂದವನ ಹಣೆ ಮುಟ್ಟಿ ಹೇಳುವುದನ್ನು ನಾನು ದಿನಾಲೂ ಕೇಳುತ್ತೇನೆ. ಟೆಂಪರೇಚರ್ ಇದೆ ಎಂದರೆ ಜ್ವರವಿದೆ ಎಂದೇ ಅರ್ಥ. ಟೆಂಪರೇಚರ್ ಇಲ್ಲದ ವಸ್ತು ಲೋಕದಲ್ಲಿ ಯಾವುದು?

ಅಧ್ಯಾಪಕರು ಪ್ರತಿ ವರ್ಷವೂ ಪಾಠದ ಮೊದಲ ದಿವಸ ಹಲಗೆಯ ಮೇಲೆ ಎರಡು ಅಂಕಣ ಎಳೆದು, ಒಂದರಲ್ಲಿ ಶಾಖ, ಇನ್ನೊಂದರಲ್ಲಿ ತಾಪಮಾನ ಎಂದು ಬರೆದು, ಕೆಳಗೆ ನೆರೆಭಾಷೆಯ ಶಬ್ದಗಳನ್ನೂ ಬರೆಸಬೇಕು. ಸೊಲ್ಲಾಪುರದ ಅಧ್ಯಾಪಕರು ಶಾಖದ ಕೆಳಗೆ ಮರಾಠಿಯ ಉಷ್ಣತಾ ಎಂದು ಬರೆಸಲಿ. ನಾನು ತಾಪಂ ಎಂದು ಬರೆಸುತ್ತೇನೆ. ರಾಯದುರ್ಗದವರಿಗೆ ಕೆಲಸ ಕಡಿಮೆ, ಅವರ ಉಷ್ಣಂ ಎಡವುವುದಿಲ್ಲ. ಇದಕ್ಕೆ ಹತ್ತು ನಿಮಿಷ ಹಿಡಿಯುತ್ತದೆ.

ಪ್ರಯೋಗಶಾಲೆಯ ಕಪಾಟಿನ ಚೀಟಿಗಳನ್ನೂ ಕಳೆದ ಬೇಸಗೆಯ ರಜೆಯಲ್ಲಿ ಬದಲಾಯಿಸಿದೆ. ಥರ್ಮಾಮೀಟರುಗಳ ಪೆಟ್ಟಿಗೆಯ ಮೇಲೆ ಯಾರೋ ಹಿಂದಿನವರು ಉಷ್ಣಮಾಪಕ ಎಂದು ಅಂದವಾದ ಅಕ್ಷರದಲ್ಲಿ ಬರೆದಿದ್ದರು. ಅದು ಅಳೆಯುವುದು ಉಷ್ಣವನ್ನಲ್ಲ. ಆದುದರಿಂದ ಆ ಚೀಟಿಯನ್ನು ಕಿತ್ತು ತಾಪಮಾಪಕ ಎಂದು ಅಂಟಿಸಿದೆ. ಅಂಟಿಸಿದ ಮೇಲೆ ನೋಡಿದರೆ, ಬಾಗಿಲಿನಾಚೆಯ ಮಲಯಾಳ ವಿಭಾಗದವರಿಗೆ ಅದು ಪುನಃ ಉಷ್ಣಮಾಪಕವೇ! ಚೀಟಿಯನ್ನು ಇನ್ನೊಮ್ಮೆ ಕಿತ್ತು, ತಾಪಮಾನಮಾಪಕ ಎಂಬ ಉದ್ದವಾದ, ಅಷ್ಟೇನೂ ಚೆಲುವಲ್ಲದ ಶಬ್ದವನ್ನು ಬರೆದು ಹಾಕಿದ್ದೇನೆ. ಹಳೆಯ ಚೀಟಿಯನ್ನು ಎಸೆಯಲಿಲ್ಲ. ಅದೇ ಕಪಾಟಿನ ಕೆಳಗಿನ ತಟ್ಟಿನಲ್ಲಿದ್ದ, ಅದುವರೆಗೆ ಹೆಸರೇ ಇಲ್ಲದಿದ್ದ ತಾಮ್ರದ ಕ್ಯಾಲರಿಮೀಟರಿಗೆ ಅದು ಸರಿಯಾಗಿ ಹೊಂದಿತು.